ವಸಂತಸೇನೆಯ ಸಿನಿಮಾಕ್ಕೆ ಬಣ್ಣ ಹಚ್ಚಿದ ಕಮಲಾದೇವಿ: ‘ಕೆಟ್ಟ ಹೆಣ್ಣು’ ಅಂತ ತೀರ್ಪು ಕೊಡೋರು ಯಾರು?

ಶಿಡ್ಲಘಟ್ಟ ತಾಲ್ಲೂಕಿನ ದಿಬ್ಬೂರಹಳ್ಳಿ ಕಡೆ, ಒಟ್ಟಾರೆ ಚಿಕ್ಕಬಳ್ಳಾಪುರ–ಕೋಲಾರ ಸೀಮೆಯಲ್ಲಿ, ಪೌರಾಣಿಕ ನಾಟಕದ ಹುಚ್ಚು ಇನ್ನೂ ಹೋಗಿಲ್ಲ. ಸುಗ್ಗಿ ಮುಗಿದು ಜಾತ್ರೆ ಶುರುವಾದರೆ ಸಾಕು, ಯಾವುದೋ ಒಂದು ಊರಲ್ಲಿ ‘ಕುರುಕ್ಷೇತ್ರ’ ಇದ್ದೇ ಇರುತ್ತೆ. ತಿಂಗಳುಗಟ್ಟಲೆ ಹಾರ್ಮೋನಿಯಂ ಮೇಷ್ಟ್ರ ಮುಂದೆ ಕೂತು ಕಂದ ಕಲಿತು, ಕೈಯಿಂದ ದುಡ್ಡು ಹಾಕಿ ಪಾತ್ರ ಮಾಡ್ತಾರೆ. ದುರ್ಯೋಧನ ನಮ್ಮೂರಿನವನು, ಭೀಮ ಪಕ್ಕದ ಊರಿನವನು, ಶಕುನಿ ಸೊಸೈಟಿ ಡೈರೆಕ್ಟರ್. ದ್ರೌಪದಿ? ಅವಳು ಮಾತ್ರ ಹೊರಗಿನವಳು. ದುಡ್ಡು ಕೊಟ್ಟು ಬೇರೆ ಊರಿಂದ ಕರೆಸಿದ ಕಲಾವಿದೆ. ರಾತ್ರಿಯೆಲ್ಲ ಹಾಡಿ, ಕುಣಿದು, ಬೆಳಗ್ಗೆ ಬಸ್ಸಿಗೆ ಹೋಗ್ತಾರೆ.

ಊರ ಹೆಣ್ಣುಮಗಳೊಬ್ಬಳು ದ್ರೌಪದಿ ಮಾಡ್ತೀನಿ ಅಂದರೆ ಮನೆಯಲ್ಲಿ ಏನು ಮಾತು ಬರುತ್ತೆ ಅಂತ ನಮಗೆ ಗೊತ್ತು. ನಾಟಕ ಬೇಕು, ಕುಣಿತ ಬೇಕು, ಹಾಡು ಬೇಕು. ಆದರೆ ಅದನ್ನು ಮಾಡುವವಳು ನಮ್ಮ ಮನೆಯವಳಾಗಬಾರದು. ಮಾಡಿದರೆ ಅವಳು ಕೆಟ್ಟಳು ಅಂತ ಅರ್ಥ. ಗಂಡಸು ಬಣ್ಣ ಹಚ್ಚಿದರೆ ಕಲಾವಿದ, ಹೆಂಗಸು ಬಣ್ಣ ಹಚ್ಚಿದರೆ ದಾರಿ ತಪ್ಪಿದವಳು.

ಈ ಲೆಕ್ಕಾಚಾರಕ್ಕೆ ಸುಮಾರು ತೊಂಬತ್ತೈದು ವರ್ಷಗಳ ಹಿಂದೆಯೇ ಒಬ್ಬ ಕರಾವಳಿಯ ಹೆಣ್ಣುಮಗಳು ಸವಾಲು ಹಾಕಿದ್ದರು. ಪಠ್ಯಪುಸ್ತಕದಲ್ಲಿ ಅವರ ಹೆಸರು ಒಂದು ಸಾಲಿನಲ್ಲಿ ಬಂದು ಹೋಗುತ್ತೆ: ಸ್ವಾತಂತ್ರ್ಯ ಹೋರಾಟಗಾರ್ತಿ, ಕರಕುಶಲ ಕಲೆಗಳ ಪುನರುಜ್ಜೀವನಕ್ಕೆ ದುಡಿದವರು. ಆದರೆ ಕಮಲಾದೇವಿ ಚಟ್ಟೋಪಾಧ್ಯಾಯರ ಬದುಕನ್ನು ಈ ಒಂದು ಸಾಲಿನ ಆಚೆಗೆ ನೋಡಬೇಕು. ಯಾಕಂದ್ರೆ ಹೆಣ್ಣಿನ ಪತನ ಅಂತ ಸಮಾಜ ಯಾವುದನ್ನೆಲ್ಲ ಕರೆಯುತ್ತಿತ್ತೋ, ಹೆಚ್ಚೂಕಡಿಮೆ ಅದನ್ನೆಲ್ಲ ಅವರು ಹಗಲು ಬೆಳಕಲ್ಲೇ ಮಾಡಿದರು. ಮಾಡಿ, ತಲೆ ಎತ್ತಿಕೊಂಡೇ ಬದುಕಿದರು.

ಗಣಿಕೆಯ ಕಥೆ, ಗೌರವಸ್ಥರ ಮನೆಯ ನಟಿಯರು

1931ರಲ್ಲಿ ‘ವಸಂತಸೇನಾ’ ಅನ್ನುವ ಮೂಕಿ ಚಿತ್ರ ತೆರೆಗೆ ಬಂತು. ಶೂದ್ರಕನ ಸಂಸ್ಕೃತ ನಾಟಕ ‘ಮೃಚ್ಛಕಟಿಕ’ವೇ ಅದರ ಕಥೆ. ನಿರ್ದೇಶಕರು ಮೋಹನ್ ದಯಾರಾಮ್ ಭವನಾನಿ. ಮುಖ್ಯ ನಟಿ ಏಣಾಕ್ಷಿ ರಾಮರಾವ್. ‘ಶಿರಾಜ್’ ಅನ್ನುವ ಮೂಕಿ ಚಿತ್ರದಲ್ಲಿ ಅದಕ್ಕೆ ಮೊದಲೇ ಕಾಣಿಸಿಕೊಂಡಿದ್ದವರು. ಕನ್ನಡದ ನಾಟಕಕಾರ ಟಿ.ಪಿ. ಕೈಲಾಸಂ ಕೂಡ ಅದರಲ್ಲಿ ನಟಿಸಿದರು. ಮುಂದೆ ‘ಸೂಳೆ’ ಅನ್ನುವ ಹೆಸರಿಟ್ಟೇ ನಾಟಕ ಬರೆದ ಅದೇ ಕೈಲಾಸಂ. ಇವರ ಜೊತೆ ಬಣ್ಣ ಹಚ್ಚಿದ ಇನ್ನೊಬ್ಬ ನಟಿ ಕಮಲಾದೇವಿ.

ಇದರಲ್ಲೇನು ದೊಡ್ಡ ವಿಷಯ ಅನ್ನಿಸಬಹುದು. ಆ ಕಾಲವನ್ನು ಸ್ವಲ್ಪ ನೋಡಿ. 1913ರಲ್ಲಿ ದಾದಾಸಾಹೇಬ್ ಫಾಲ್ಕೆ ‘ರಾಜಾ ಹರಿಶ್ಚಂದ್ರ’ ಮಾಡುವಾಗ ತಾರಾಮತಿ ಪಾತ್ರಕ್ಕೆ ಒಬ್ಬ ಹೆಂಗಸೂ ಸಿಗಲಿಲ್ಲ. ಕೊನೆಗೆ ಹೋಟೆಲಿನಲ್ಲಿ ಅಡುಗೆ ಕೆಲಸ ಮಾಡ್ತಿದ್ದ ಅಣ್ಣಾ ಸಾಳುಂಕೆ ಅನ್ನುವ ಯುವಕ ಸೀರೆ ಉಟ್ಟು ತಾರಾಮತಿಯಾದ. ಅದೇ ವರ್ಷ ‘ಮೋಹಿನಿ ಭಸ್ಮಾಸುರ’ದಲ್ಲಿ ದುರ್ಗಾಬಾಯಿ ಕಾಮತ್ ಮತ್ತು ಅವರ ಮಗಳು ಕಮಲಾಬಾಯಿ ಗೋಖಲೆ ನಟಿಸಿದರು ನಿಜ. ಆದರೂ ಬಾಗಿಲು ದೊಡ್ಡದಾಗಿ ತೆರೆಯಲಿಲ್ಲ. 1920ರ ದಶಕದಲ್ಲಿ ಮೂಕಿ ಚಿತ್ರಗಳ ದೊಡ್ಡ ತಾರೆಯರೆಲ್ಲ ಹೆಚ್ಚಾಗಿ ಆಂಗ್ಲೋ ಇಂಡಿಯನ್ ಮತ್ತು ಯಹೂದಿ ಸಮುದಾಯದವರು. ರೂಬಿ ಮೈಯರ್ಸ್ ಸುಲೋಚನಾ ಆದರು, ರೆನೀ ಸ್ಮಿತ್ ಸೀತಾ ದೇವಿ ಆದರು. ಹೆಸರು ಹಿಂದೂ ಹೆಣ್ಣಿನದು, ಮುಖ ಮಾತ್ರ ಜಾತಿ ವ್ಯವಸ್ಥೆಯ ಮರ್ಯಾದೆ ಲೆಕ್ಕದ ಹೊರಗಿನವರದು. ದಿಬ್ಬೂರಹಳ್ಳಿ ಸೀಮೆಯ ದ್ರೌಪದಿಯ ಥರವೇ.

ಇಂಥ ಹೊತ್ತಿನಲ್ಲಿ ಮಂಗಳೂರಿನ ಸಾರಸ್ವತ ಬ್ರಾಹ್ಮಣ ಕುಟುಂಬದ ಹೆಣ್ಣುಮಗಳು, ಸರೋಜಿನಿ ನಾಯ್ಡು ಅವರ ತಮ್ಮನ ಹೆಂಡತಿ, ಕಾಂಗ್ರೆಸ್ ನಾಯಕಿ, ಒಬ್ಬ ಗಣಿಕೆಯ ಕಥೆಯ ಸಿನಿಮಾದಲ್ಲಿ ನಟಿಸಿದರು.

ಕೋಪನ್‌ಹೇಗನ್ನಿನ ಮಗ್ದಾ, ಉಜ್ಜಯಿನಿಯ ವಸಂತಸೇನೆ

ಮೂಕಿ ಸಿನಿಮಾಕ್ಕೆ ಜಗತ್ತಿನಾದ್ಯಂತ ಒಂದು ಪ್ರೀತಿಯ ಕಥೆ ಇತ್ತು. ಒಳ್ಳೆ ಮನೆಯ ಹುಡುಗಿ, ಒಂದು ತಪ್ಪು ಹೆಜ್ಜೆ, ಒಂದು ಕುಣಿತ, ಆಮೇಲೆ ಪಾತಾಳ. 1910ರಲ್ಲಿ ಡೆನ್ಮಾರ್ಕಿನಲ್ಲಿ ಬಂದ ‘ಆಫ್‌ಗ್ರುಂಡೆನ್’ ಅನ್ನುವ ಚಿತ್ರ ಇದಕ್ಕೆ ಮಾದರಿ. ಹೆಸರಿನ ಅರ್ಥವೇ ಪ್ರಪಾತ. ನಿರ್ದೇಶಕ ಉರ್ಬಾನ್ ಗಾಡ್, ನಟಿ ಆಸ್ತಾ ನೀಲ್ಸನ್. ಪಿಯಾನೋ ಪಾಠ ಹೇಳಿಕೊಡುವ ಮಗ್ದಾ ಅನ್ನುವ ಹುಡುಗಿಗೆ ಪಾದ್ರಿಯ ಮಗನ ಜೊತೆ ಮದುವೆ ಗೊತ್ತಾಗಿರುತ್ತೆ. ಸರ್ಕಸ್ಸಿನವನ ಮೋಹಕ್ಕೆ ಬಿದ್ದು ಅವನ ಜೊತೆ ಓಡಿಹೋಗ್ತಾಳೆ, ರಂಗದ ಮೇಲೆ ಅವನನ್ನು ಹಗ್ಗದಿಂದ ಕಟ್ಟಿಹಾಕಿ ಅವನ ಸುತ್ತ ಕುಣೀತಾಳೆ. ಕೊನೆಗೆ ಅವನನ್ನೇ ಇರಿದು ಕೊಂದು ಪೊಲೀಸರ ಜೊತೆ ನಡೆದುಹೋಗ್ತಾಳೆ. ಆ ಕುಣಿತ ನೋಡಲು ಜನ ಮುಗಿಬಿದ್ದರು, ನೀಲ್ಸನ್ ಯುರೋಪಿನ ಮೊದಲ ದೊಡ್ಡ ತಾರೆಯಾದರು.

ಈ ಕಥೆಯ ಒಳಗಿನ ಲೆಕ್ಕ ಏನು ಅಂತ ಗಮನಿಸಿ. ಪ್ರೇಕ್ಷಕನಿಗೆ ಕುಣಿತವೂ ಬೇಕು, ಕುಣಿದವಳಿಗೆ ಶಿಕ್ಷೆಯೂ ಬೇಕು. ಟಿಕೆಟ್ಟಿನ ದುಡ್ಡಿಗೆ ಎರಡೂ ಸಿಗುತ್ತೆ. ಆಸ್ತಾ ನೀಲ್ಸನ್ ಮಟ್ಟಿಗೆ ಹೇಳೋದಾದರೆ, ಬಟ್ಟೆ ಒಗೆಯುವ ಕೆಲಸ ಮಾಡ್ತಿದ್ದ ತಾಯಿಯ ಮಗಳಾದ ಆಕೆ ಮದುವೆಯಾಗದೆ ಹೆತ್ತ ಮಗುವನ್ನು ಬಚ್ಚಿಡದೆ ಸಾಕಿದವರು, ತಂದೆ ಯಾರು ಅಂತ ಊರಿಗೆ ಹೇಳದೆ ಬದುಕಿದವರು. ತೆರೆಯ ಮೇಲೆ ಪ್ರಪಾತಕ್ಕೆ ಬಿದ್ದವಳು ತೆರೆಯ ಹೊರಗೆ ಬೀಳಲಿಲ್ಲ.

‘ಮೃಚ್ಛಕಟಿಕ’ದ ದಾರಿ ಬೇರೆ. ಅಲ್ಲಿ ಕಥೆ ಶುರುವಾಗೋದೇ ಸಮಾಜ ಬಿದ್ದವಳು ಅಂತ ಕರೆಯುವ ಹೆಣ್ಣಿನಿಂದ. ವಸಂತಸೇನೆ ಉಜ್ಜಯಿನಿಯ ಗಣಿಕೆ, ಕಲಾವಿದೆ, ಸಿರಿವಂತೆ. ಅವಳು ಪ್ರೀತಿಸೋದು ದಾನ ಮಾಡಿ ಬಡವನಾದ ಚಾರುದತ್ತನನ್ನು. ಅವಳ ಹಿಂದೆ ಬಿದ್ದಿರುವವನು ಶಕಾರ, ರಾಜ ಪಾಲಕನ ಭಾವಮೈದುನ. ಅಧಿಕಾರದ ಮದ ತಲೆಗೇರಿದ ಮನುಷ್ಯ. ಅವಳು ಒಪ್ಪದೆ ಹೋದಾಗ ಉದ್ಯಾನದಲ್ಲಿ ಅವಳ ಕತ್ತು ಹಿಸುಕುತ್ತಾನೆ. ಸತ್ತಳು ಅಂದುಕೊಂಡು, ಕೊಲೆಯ ಆರೋಪವನ್ನು ಚಾರುದತ್ತನ ಮೇಲೆ ಹೊರಿಸ್ತಾನೆ. ನ್ಯಾಯಸ್ಥಾನವೂ ಅವನ ಅಧಿಕಾರಕ್ಕೆ ಹೆದರುತ್ತೆ, ಚಾರುದತ್ತನಿಗೆ ಮರಣದಂಡನೆ ಆಗುತ್ತೆ.

ಆದರೆ ವಸಂತಸೇನೆ ಸತ್ತಿರೋಲ್ಲ. ಒಬ್ಬ ಬೌದ್ಧ ಭಿಕ್ಷು ಅವಳನ್ನು ಬದುಕಿಸಿರ್ತಾನೆ. ವಧ್ಯಸ್ಥಾನಕ್ಕೆ ಅವಳೇ ಬಂದು ನಿಲ್ತಾಳೆ. ಅದೇ ಹೊತ್ತಿಗೆ ಆರ್ಯಕ ಅನ್ನುವ ದನಗಾಹಿ ಹಿನ್ನೆಲೆಯವನು ಬಂಡೆದ್ದು ದುಷ್ಟ ರಾಜನನ್ನು ಉರುಳಿಸಿರ್ತಾನೆ. ಹೊಸ ಸರ್ಕಾರ ಬಂದ ಕೂಡಲೇ ವಸಂತಸೇನೆಗೆ ಕುಲವಧುವಿನ ಸ್ಥಾನ ಸಿಗುತ್ತೆ. ಇದರ ನಡುವೆ ಅವಳು ತನ್ನ ದಾಸಿ ಮದನಿಕೆಯನ್ನು ಬಿಡುಗಡೆ ಮಾಡಿರ್ತಾಳೆ, ಮಣ್ಣಿನ ಬಂಡಿ ಬೇಡ ಅಂತ ಅಳುವ ಚಾರುದತ್ತನ ಮಗುವಿನ ಆಟಿಕೆಗೆ ತನ್ನ ಒಡವೆ ತುಂಬಿರ್ತಾಳೆ.

ಅಂದರೆ ಸಾವಿರಾರು ವರ್ಷದ ಹಿಂದಿನ ಈ ನಾಟಕದಲ್ಲಿ ಬೀಳೋದು ಹೆಣ್ಣಲ್ಲ, ರಾಜ. ಉಪ್ಪಿನ ಸತ್ಯಾಗ್ರಹ ಕಂಡ ದೇಶದಲ್ಲಿ ಈ ಕಥೆ ಸಿನಿಮಾ ಆಯಿತು ಅನ್ನೋದನ್ನೂ ನೆನಪಲ್ಲಿಡಿ.

ಮಂಗಳೂರಿನ ಮನೆ, ಆಸ್ತಿ ಇಲ್ಲದ ಹೆಣ್ಣುಮಕ್ಕಳು

ಕಮಲಾದೇವಿ ಹುಟ್ಟಿದ್ದು 1903ರ ಏಪ್ರಿಲ್ 3ರಂದು ಮಂಗಳೂರಿನಲ್ಲಿ. ತಂದೆ ಅನಂತಯ್ಯ ಧಾರೇಶ್ವರ್ ಸರ್ಕಾರದ ಹಿರಿಯ ಅಧಿಕಾರಿ. ತಾಯಿ ಗಿರಿಜಾಬಾಯಿ ಶಾಲೆಗೆ ಹೆಚ್ಚು ಹೋಗದಿದ್ದರೂ ಓದು ಬಿಡದ ಹೆಂಗಸು. ಆನಿ ಬೆಸೆಂಟ್, ರಮಾಬಾಯಿ ರಾನಡೆಯಂಥವರ ಒಡನಾಟವಿದ್ದ ಮನೆ.

ಕಮಲಾಗೆ ಏಳು ವರ್ಷವಾಗಿದ್ದಾಗ ತಂದೆ ಉಯಿಲು ಬರೆಯದೆ ತೀರಿಕೊಂಡರು. ಆಗಿನ ಕಾನೂನಿನ ಪ್ರಕಾರ ಆಸ್ತಿಯೆಲ್ಲ ಮೊದಲ ಹೆಂಡತಿಯ ಮಗನಿಗೆ ಹೋಯಿತು. ಗಿರಿಜಾಬಾಯಿಗೂ ಹೆಣ್ಣುಮಕ್ಕಳಿಗೂ ತಿಂಗಳ ಖರ್ಚಿಗೆ ಒಂದಿಷ್ಟು ಅಂತ ಗೊತ್ತುಮಾಡಿದರು. ತಾಯಿ ಅದನ್ನು ಬೇಡ ಅಂದುಬಿಟ್ಟರು. ತವರಿನಿಂದ ಬಂದದ್ದರಲ್ಲೇ ಮಕ್ಕಳನ್ನು ಸಾಕಿದರು. ಹೆಣ್ಣಿಗೆ ಹಕ್ಕಿಲ್ಲ, ಭಿಕ್ಷೆ ಇದೆ ಅನ್ನುವ ವ್ಯವಸ್ಥೆಯನ್ನು ಕಮಲಾ ಪುಸ್ತಕದಲ್ಲಿ ಓದಿ ತಿಳಿದದ್ದಲ್ಲ, ಏಳನೇ ವಯಸ್ಸಿಗೆ ಮನೆಯೊಳಗೇ ಕಂಡದ್ದು.

1917ರಲ್ಲಿ, ಹದಿನಾಲ್ಕು ವರ್ಷಕ್ಕೆ ಮದುವೆ. ಎರಡು ವರ್ಷದಲ್ಲಿ ಗಂಡ ತೀರಿಕೊಂಡರು. ಹದಿನಾರರ ಬ್ರಾಹ್ಮಣ ವಿಧವೆ ಅಂದರೆ ಆ ಕಾಲದಲ್ಲಿ ಏನು ಗತಿ ಅಂತ ಬಿಡಿಸಿ ಹೇಳಬೇಕಿಲ್ಲ. ಆದರೆ ಈ ಹುಡುಗಿ ಓದು ಮುಂದುವರಿಸಿದರು. ಮದ್ರಾಸಿನ ಕ್ವೀನ್ ಮೇರೀಸ್ ಕಾಲೇಜಿನಲ್ಲಿ ಸುಹಾಸಿನಿ ಚಟ್ಟೋಪಾಧ್ಯಾಯ ಗೆಳತಿಯಾದರು. ಅವರ ಮೂಲಕ ಅವರ ಅಣ್ಣ ಹರೀಂದ್ರನಾಥ್ ಪರಿಚಯ. ಕವಿ, ನಾಟಕಕಾರ, ನಟ. ಇಬ್ಬರಿಗೂ ರಂಗಭೂಮಿಯ ಹುಚ್ಚು. ಇಪ್ಪತ್ತರ ವಯಸ್ಸಿಗೆ ಕಮಲಾ ಅವರನ್ನು ಮದುವೆಯಾದರು.

ವಿಧವೆ, ಮರುಮದುವೆ, ಅದೂ ಬೇರೆ ಭಾಷೆ ಬೇರೆ ಸೀಮೆಯ ಬಂಗಾಳಿಯ ಜೊತೆ. ಬಂಧುಬಳಗದ ಬಾಯಿಗೆ ಇಷ್ಟೇ ಸಾಕಿತ್ತು. ಆಮೇಲೆ ಗಂಡನ ಜೊತೆ ನಾಟಕಗಳಲ್ಲಿ ನಟಿಸಲು ಶುರುಮಾಡಿದರು. ಮೇಲ್ಜಾತಿಯ ಹೆಂಗಸರು ರಂಗವೇರದ ಕಾಲದಲ್ಲಿ ಊರೂರು ಸುತ್ತಿ ನಾಟಕವಾಡಿದರು. ಮೊದಲ ತಪ್ಪು ವೈಧವ್ಯ ಮುರಿದದ್ದು, ಎರಡನೆಯದು ರಂಗವೇರಿದ್ದು. ಪಟ್ಟಿ ಇಲ್ಲಿಗೆ ಮುಗಿಯೋಲ್ಲ.

ಮತಪೆಟ್ಟಿಗೆಯಿಂದ ಉಪ್ಪಿನ ಕಡೆಗೆ

ಮದ್ರಾಸ್ ಪ್ರಾಂತ್ಯದಲ್ಲಿ ಆಸ್ತಿ ಇರುವ ಕೆಲವು ಹೆಂಗಸರಿಗೆ 1921ರಲ್ಲೇ ಮತದಾನದ ಹಕ್ಕು ಸಿಕ್ಕಿತ್ತು. ಚುನಾವಣೆಗೆ ನಿಲ್ಲುವ ಹಕ್ಕು ಬಂದದ್ದು 1926ರಲ್ಲಿ. ಮಾರ್ಗರೆಟ್ ಕಸಿನ್ಸ್ ಒತ್ತಾಯಕ್ಕೆ ಕಮಲಾದೇವಿ ಮದ್ರಾಸ್ ಶಾಸನಸಭೆಯ ಚುನಾವಣೆಗೆ ನಿಂತೇಬಿಟ್ಟರು. ತಯಾರಿಗೆ ಸಿಕ್ಕದ್ದು ಕೆಲವೇ ದಿನ. ಪ್ರಚಾರಕ್ಕೆ ಬಳಸಿಕೊಂಡದ್ದು ನಾಟಕ, ಹಾಡು, ಹೆಂಗಸರ ಓಡಾಟ. ತೀರಾ ಕಡಿಮೆ ಮತಗಳಿಂದ ಸೋತರು. ಭಾರತದಲ್ಲಿ ಶಾಸನಸಭೆಗೆ ಸ್ಪರ್ಧಿಸಿದ ಮೊದಲ ಮಹಿಳೆಯರ ಸಾಲಿನಲ್ಲಿ ಅವರ ಹೆಸರು ನಿಂತಿತು. ಮರುವರ್ಷ ಅಖಿಲ ಭಾರತ ಮಹಿಳಾ ಸಮ್ಮೇಳನ ಶುರುವಾದಾಗ ಅದರ ಸಂಘಟನಾ ಕಾರ್ಯದರ್ಶಿಯಾಗಿ ದೇಶ ಸುತ್ತಿದರು. ಬಾಲ್ಯವಿವಾಹ, ಹೆಣ್ಣುಮಕ್ಕಳ ಶಿಕ್ಷಣ, ಹೆರಿಗೆ ಸವಲತ್ತು ಅಂತ ಬೇಡಿಕೆಗಳ ಪಟ್ಟಿ ಬೆಳೆಯಿತು.

1930ರ ಮಾರ್ಚಿನಲ್ಲಿ ಗಾಂಧಿ ದಂಡಿಗೆ ಹೊರಟರು. ಜೊತೆಗೆ ಆರಿಸಿಕೊಂಡ ಎಪ್ಪತ್ತೆಂಟು ಜನರಲ್ಲಿ ಒಬ್ಬ ಹೆಂಗಸೂ ಇರಲಿಲ್ಲ. ಹೆಂಗಸರನ್ನು ಮುಂದೆ ಬಿಟ್ಟು ಗಂಡಸರು ಹಿಂದೆ ಅಡಗಿದರು ಅನ್ನೋ ಮಾತು ಬರಬಾರದು ಅನ್ನೋದು ಅವರ ಆತಂಕ. ಕಮಲಾದೇವಿ ಯಾತ್ರೆಯ ದಾರಿಯಲ್ಲೇ ಹೋಗಿ ಗಾಂಧಿಯನ್ನು ಭೇಟಿಯಾಗಿ ವಾದ ಮಾಡಿದರು. ಉಪ್ಪು ಅಡುಗೆಮನೆಯ ವಸ್ತು, ಆ ಕಾನೂನು ಮುರಿಯುವ ಹಕ್ಕು ಹೆಂಗಸರಿಗೇ ಮೊದಲು ಬೇಕು ಅನ್ನೋದು ಸತ್ಯಾಗ್ರಹದ ಸರಳ ತರ್ಕ. ಗಾಂಧಿ ಒಪ್ಪಿದರು. ಬೊಂಬಾಯಿಯ ಚೌಪಾಟಿ ಕಡಲತೀರದಲ್ಲಿ ಅವಂತಿಕಾಬಾಯಿ ಗೋಖಲೆ ಮತ್ತು ಕಮಲಾದೇವಿ ಒಲೆ ಹೂಡಿ ಸಮುದ್ರದ ನೀರು ಕಾಯಿಸಿ ಉಪ್ಪು ಮಾಡಿದರು. ಆ ಉಪ್ಪಿನ ಪೊಟ್ಟಣಗಳನ್ನು ಷೇರುಪೇಟೆಗೆ ತಗೊಂಡು ಹೋಗಿ ಮಾರಿದರು. ಬಂಧನವಾಯಿತು, ಜೈಲಾಯಿತು.

ಆಮೇಲೆ ಬಂದದ್ದೇ ‘ವಸಂತಸೇನಾ’. ಜೈಲು ಕಂಡ ಮುಖವೇ ಸಿನಿಮಾ ತೆರೆಯ ಮೇಲೂ ಬಂತು. ಜೈಲಿಗೆ ಹೋದರೆ ತ್ಯಾಗ, ಸಿನಿಮಾಕ್ಕೆ ಹೋದರೆ ಪತನ ಅನ್ನುವ ಸಮಾಜದ ಎದುರು ಅವರು ಎರಡನ್ನೂ ಒಂದೇ ಬದುಕಿನಲ್ಲಿ ಅಕ್ಕಪಕ್ಕ ಇಟ್ಟರು. ಯಾವುದಕ್ಕೂ ಕ್ಷಮೆ ಕೇಳಲಿಲ್ಲ.

ನಿಜವಾದ ವಸಂತಸೇನೆಯರು ಎಲ್ಲಿ ಹೋದರು?

ಇಲ್ಲಿಗೆ ಚಪ್ಪಾಳೆ ತಟ್ಟಿ ಮುಗಿಸಿಬಿಡಬಹುದು. ಆದರೆ ಈ ಕಥೆಗೆ ಇನ್ನೊಂದು ಮಗ್ಗುಲಿದೆ.

ಕಮಲಾದೇವಿಯಂಥ ಶಿಕ್ಷಿತ ಮೇಲ್ಜಾತಿ ಮಹಿಳೆಯರಿಗೆ ರಂಗ, ನೃತ್ಯ, ಸಿನಿಮಾದ ಬಾಗಿಲು ತೆರೆಯುತ್ತಿದ್ದ ಅದೇ ವರ್ಷಗಳಲ್ಲಿ, ತಲೆಮಾರುಗಳಿಂದ ಹಾಡಿ ಕುಣಿದು ಬದುಕಿದ್ದ ದೇವದಾಸಿ ಮನೆತನದ ಹೆಂಗಸರಿಗೆ ಆ ಬಾಗಿಲು ಮುಚ್ಚುತ್ತಿತ್ತು. ಮೈಸೂರು ಸಂಸ್ಥಾನ 1909ರ ಹೊತ್ತಿಗೇ ಮುಜರಾಯಿ ದೇವಸ್ಥಾನಗಳಲ್ಲಿ ದೇವದಾಸಿ ಸೇವೆ ನಿಲ್ಲಿಸಲು ಹೊರಟಿತ್ತು. ಮದ್ರಾಸಿನಲ್ಲಿ ಡಾ. ಮುತ್ತುಲಕ್ಷ್ಮಿ ರೆಡ್ಡಿ 1927ರಲ್ಲಿ ದೇವದಾಸಿ ಪದ್ಧತಿಯ ವಿರುದ್ಧ ಶಾಸನಸಭೆಯಲ್ಲಿ ನಿರ್ಣಯ ತಂದರು. ಅವರೂ ಕಮಲಾದೇವಿಯೂ ಒಂದೇ ಮಹಿಳಾ ಚಳವಳಿಯ ಮುಂಚೂಣಿಯಲ್ಲಿದ್ದವರು.

ಇನ್ನೊಂದು ಕಡೆ ನಿಂತವರು ಇನ್ನೊಬ್ಬ ಕನ್ನಡ ನೆಲದ ಹೆಣ್ಣು, ಬೆಂಗಳೂರು ನಾಗರತ್ನಮ್ಮ. 1878ರಲ್ಲಿ ಹುಟ್ಟಿ, ಮೈಸೂರು ಸೀಮೆಯಲ್ಲಿ ಸಂಗೀತ, ಸಂಸ್ಕೃತ ಕಲಿತು, ಮದ್ರಾಸಿನಲ್ಲಿ ಹೆಸರು ಮಾಡಿದ ದೇವದಾಸಿ ಕುಲದ ವಿದುಷಿ. ಗಣಿಕೆಯೇ ಆಗಿದ್ದ ತೆಲುಗು ಕವಯಿತ್ರಿ ಮುದ್ದುಪಳನಿಯ ‘ರಾಧಿಕಾ ಸಾಂತ್ವನಮು’ ಕಾವ್ಯವನ್ನು 1910ರಲ್ಲಿ ಸಂಪಾದಿಸಿ ಪ್ರಕಟಿಸಿದರು. ಅಶ್ಲೀಲ ಅಂತ ಸರ್ಕಾರ ಅದನ್ನು ನಿಷೇಧಿಸಿತು. ನಿಷೇಧ ತೆರವಾದದ್ದು 1947ರಲ್ಲಿ. ದೇವದಾಸಿಯರ ವಿರುದ್ಧದ ನಿರ್ಣಯ ಬಂದಾಗ ನಾಗರತ್ನಮ್ಮ ಮತ್ತು ಅವರ ಸಂಗಾತಿಗಳು ಸಂಘ ಕಟ್ಟಿ ಸರ್ಕಾರಕ್ಕೆ ಮನವಿ ಕೊಟ್ಟರು. ನಾವು ಕಲಾವಿದರು, ನಮ್ಮನ್ನು ವೇಶ್ಯೆಯರು ಅಂತ ಒಂದೇ ಪದದಲ್ಲಿ ಕಟ್ಟಿಹಾಕಬೇಡಿ, ನಮ್ಮ ಆಸ್ತಿಯ ಹಕ್ಕು ಕಿತ್ತುಕೊಳ್ಳಬೇಡಿ ಅನ್ನೋದು ಆ ಮನವಿಗಳ ತಿರುಳು. ತಿರುವೈಯಾರಿನಲ್ಲಿ ತ್ಯಾಗರಾಜರ ಸಮಾಧಿಗೆ ಗುಡಿ ಕಟ್ಟಲು ತನ್ನ ಗಳಿಕೆ ಸುರಿದವರು ಇವರೇ. ಆರಾಧನೆಯಲ್ಲಿ ಹೆಂಗಸರಿಗೆ ಹಾಡಲು ಅವಕಾಶ ಇಲ್ಲ ಅಂದಾಗ ಹೆಂಗಸರದ್ದೇ ಗುಂಪು ಕಟ್ಟಿ ಹಾಡಿಸಿದವರೂ ಇವರೇ.

ಹಾಗಂತ ದೇವದಾಸಿ ಪದ್ಧತಿ ಉಳೀಬೇಕಿತ್ತು ಅಂತ ಯಾರೂ ಹೇಳ್ತಿಲ್ಲ. ಉತ್ತರ ಕರ್ನಾಟಕದಲ್ಲಿ ದಲಿತ ಹೆಣ್ಣುಮಕ್ಕಳಿಗೆ ಮುತ್ತು ಕಟ್ಟುವ ಕ್ರೌರ್ಯ 1982ರ ಕಾನೂನಿನ ನಂತರವೂ ಪೂರ್ತಿ ನಿಂತಿಲ್ಲ. ಅಲ್ಲಿ ಕಲೆಯೂ ಇಲ್ಲ, ಆಸ್ತಿಯೂ ಇಲ್ಲ, ಬರೀ ಜಾತಿಯ ದಬ್ಬಾಳಿಕೆ. ಪ್ರಶ್ನೆ ಬೇರೆ. ಸುಧಾರಣೆಯ ಹೆಸರಲ್ಲಿ ಆ ಹೆಂಗಸರ ಬಾಯಿ ಮುಚ್ಚಿಸಿ, ಅವರ ಕಲೆಯನ್ನು ಮಾತ್ರ ತೊಳೆದು ಶುದ್ಧ ಮಾಡಿ ಮೇಲ್ಜಾತಿ ಮನೆಗಳಿಗೆ ತಂದದ್ದು ನಡೆಯಿತಲ್ಲ, ಅದರ ಲೆಕ್ಕ ಯಾರು ಕೊಡಬೇಕು? 1931ರಲ್ಲಿ ಗಣಿಕೆಯ ಕಥೆಯಲ್ಲಿ ಒಳ್ಳೆ ಮನೆತನದವರು ನಟಿಸಿದರೆ ಅದು ಧೈರ್ಯ. ಗಣಿಕೆಯ ಮನೆತನದವಳು ಹಾಡಿದರೆ ಅದು ಕಳಂಕ. ಕಮಲಾದೇವಿಯ ಧೈರ್ಯ ದೊಡ್ಡದೇ. ಆದರೆ ಆ ಧೈರ್ಯಕ್ಕೆ ಜಾತಿ ಮತ್ತು ಮನೆತನದ ಆಸರೆ ಇತ್ತು, ನಾಗರತ್ನಮ್ಮನವರಿಗೆ ಅದು ಇರಲಿಲ್ಲ. ಇಬ್ಬರನ್ನೂ ಒಟ್ಟಿಗೆ ನೆನೆಯದೆ ಹೋದರೆ ನಮ್ಮ ಸ್ತ್ರೀವಾದದ ಚರಿತ್ರೆ ಅರ್ಧಂಬರ್ಧ.

ರೈಲಿನ ಬೋಗಿಯಲ್ಲಿ

ಕಮಲಾದೇವಿ ತನ್ನ ಸ್ಥಾನದ ಆಸರೆಯನ್ನು ಬಿಟ್ಟುಕೊಟ್ಟು ನಿಂತ ಸಂದರ್ಭಗಳೂ ಇವೆ. 1930ರ ದಶಕದಲ್ಲಿ ಹರೀಂದ್ರನಾಥರ ಜೊತೆಗಿನ ದಾಂಪತ್ಯ ಕಾನೂನುಬದ್ಧವಾಗಿ ಮುರಿಯಿತು. ವಿಚ್ಛೇದನ ಅನ್ನುವ ಪದವನ್ನೇ ಮೆಲ್ಲಗೆ ಉಚ್ಚರಿಸುತ್ತಿದ್ದ ಕಾಲ ಅದು. ರಾಜಕೀಯದಲ್ಲಿದ್ದ ಅವರ ಹಿತೈಷಿಗಳಿಗೇ ಇದು ಸರಿಹೋಗಲಿಲ್ಲ. ಪಟ್ಟಿಗೆ ಇನ್ನೊಂದು ತಪ್ಪು ಸೇರಿತು. ಅವರು ಒಬ್ಬ ಮಗನ ಜೊತೆ ಮುಂದೆ ನಡೆದರು.

1934ರಲ್ಲಿ ಕಾಂಗ್ರೆಸ್ ಒಳಗೇ ಸಮಾಜವಾದಿ ಪಕ್ಷ ಹುಟ್ಟಿತು. ಜಯಪ್ರಕಾಶ್ ನಾರಾಯಣ್, ಲೋಹಿಯಾ, ಯೂಸುಫ್ ಮೆಹರಲಿ ಜೊತೆ ಕಮಲಾದೇವಿಯೂ ಇದ್ದರು. 1936ರ ಮೀರತ್ ಸಮ್ಮೇಳನಕ್ಕೆ ಅವರೇ ಅಧ್ಯಕ್ಷರು. ಹೆಂಗಸರ ಪ್ರಶ್ನೆಯನ್ನು ದುಡಿಮೆಯ ಪ್ರಶ್ನೆಯಿಂದ ಬೇರೆ ಮಾಡಿ ನೋಡಲು ಅವರು ಒಪ್ಪಲಿಲ್ಲ.

ಎರಡನೇ ಮಹಾಯುದ್ಧದ ಹೊತ್ತಿಗೆ ಅಮೆರಿಕದಲ್ಲಿದ್ದರು. 1941ರಲ್ಲಿ ದಕ್ಷಿಣ ರಾಜ್ಯಗಳಲ್ಲಿ ಪ್ರಯಾಣ ಮಾಡುವಾಗ ರೈಲಿನ ಸಿಬ್ಬಂದಿ ಬಂದು ಬಿಳಿಯರ ಬೋಗಿಯಿಂದ ಏಳಲು ಹೇಳಿದ. ಆಮೇಲೆ ಇವರು ಅಮೆರಿಕದ ಕಪ್ಪು ಮಹಿಳೆಯಲ್ಲ, ಭಾರತದವರು ಅನ್ನೋ ಸುಳಿವು ಸಿಕ್ಕಿ, ಯಾವ ದೇಶ ಅಂತ ವಿಚಾರಿಸಿದ. ವಿದೇಶಿ ಅಂತ ಹೇಳಿಬಿಟ್ಟಿದ್ದರೆ ಸುಲಭವಾಗಿ ಪಾರಾಗಬಹುದಿತ್ತು. ಕಮಲಾದೇವಿ ಆ ದಾರಿ ಹಿಡಿಯಲಿಲ್ಲ. ತಾನೂ ಬಣ್ಣದ ಚರ್ಮದವಳೇ, ಇಲ್ಲಿಂದ ಏಳೋದಿಲ್ಲ ಅಂತ ತಿಳಿಸಿ ಕೂತೇ ಇದ್ದರು. ರೋಸಾ ಪಾರ್ಕ್ಸ್ ಬಸ್ಸಿನಲ್ಲಿ ಸೀಟು ಬಿಡದೆ ಕೂತದ್ದು ಇದಾಗಿ ಹದಿನಾಲ್ಕು ವರ್ಷಕ್ಕೆ.

ಅಧಿಕಾರದ ಕುರ್ಚಿ ಬೇಡ, ಕೈಕೆಲಸ ಬೇಕು

ಸ್ವಾತಂತ್ರ್ಯ ಬಂತು, ದೇಶ ಒಡೆಯಿತು. ಜೊತೆಗಿದ್ದ ಎಷ್ಟೋ ಜನ ಮಂತ್ರಿ, ರಾಯಭಾರಿ ಆದರು. ಕಮಲಾದೇವಿ ನಿರಾಶ್ರಿತರ ನಡುವೆ ಹೋದರು. ಇಂಡಿಯನ್ ಕೋಆಪರೇಟಿವ್ ಯೂನಿಯನ್ ಕಟ್ಟಿ, ದಿಲ್ಲಿ ಹೊರಗಿನ ಫರೀದಾಬಾದಿನಲ್ಲಿ ವಾಯವ್ಯ ಗಡಿನಾಡಿಂದ ಬಂದ ಸಾವಿರಾರು ನಿರಾಶ್ರಿತರ ಹೊಸ ಊರು ಎದ್ದು ನಿಲ್ಲುವ ಕೆಲಸದಲ್ಲಿ ತೊಡಗಿದರು. ನಿರಾಶ್ರಿತರೇ ಸಹಕಾರಿ ಸಂಘ ಮಾಡಿಕೊಂಡು, ಅವರೇ ಮನೆ ಕಟ್ಟಿ, ಅವರೇ ಕೂಲಿ ಗಳಿಸಬೇಕು ಅನ್ನೋದು ಯೋಜನೆ.

1952ರಲ್ಲಿ ಅಖಿಲ ಭಾರತ ಕರಕುಶಲ ಮಂಡಳಿ ಬಂದಾಗ ಅದರ ಹೊಣೆ ಹೊತ್ತರು. ಮುಂದಿನ ಸುಮಾರು ಎರಡು ದಶಕ ಊರೂರು ತಿರುಗಿ ನೇಕಾರರು, ಕುಂಬಾರರು, ಕಂಚುಗಾರರು, ಬಣ್ಣ ಹಾಕುವವರು ಯಾರಿದ್ದಾರೆ ಅಂತ ಹುಡುಕಿ, ಅವರ ಕೆಲಸಕ್ಕೆ ಮಾರುಕಟ್ಟೆ ಕಟ್ಟಿದರು. ದಿಲ್ಲಿಯ ಸೆಂಟ್ರಲ್ ಕಾಟೇಜ್ ಎಂಪೋರಿಯಂ ಹೆಸರು ಮಾಡಿದ್ದು ಅವರ ಸಹಕಾರಿ ಯೂನಿಯನ್ ಕೈಯಲ್ಲಿ. ಇದನ್ನು ಶ್ರೀಮಂತರ ಮನೆ ಅಲಂಕಾರದ ವ್ಯಾಪಾರ ಅಂತ ಸುಲಭವಾಗಿ ಟೀಕಿಸಬಹುದು. ಆದರೆ ಒಳಗಿದ್ದ ರಾಜಕಾರಣ ಸರಳ: ಕೈಯಲ್ಲಿ ದುಡಿಯುವವನನ್ನು ಕೂಲಿಯವನು ಅಂತಲ್ಲ, ಕಲಾವಿದ ಅಂತ ಕರೆಯಬೇಕು, ಹಾಗೆ ಬೆಲೆ ಕೊಡಬೇಕು. ಕುಣಿಯುವವಳ ವಿಷಯದಲ್ಲೂ ಅವರದ್ದು ಇದೇ ನಿಲುವು.

ಯಾಕಂದ್ರೆ ರಂಗಭೂಮಿ ಅವರನ್ನು ಬಿಡಲಿಲ್ಲ. ಭಾರತೀಯ ನಾಟ್ಯ ಸಂಘ ಅವರ ಕೂಸು. ರಾಷ್ಟ್ರೀಯ ನಾಟಕ ಶಾಲೆ ಹುಟ್ಟಿದ್ದರ ಹಿಂದೆ ಆ ಸಂಘದ ದುಡಿಮೆ ಇದೆ. ನಾಟ್ಯ ಸಂಘದ ಆಶ್ರಯದಲ್ಲೇ 1964ರಲ್ಲಿ ಮಾಯಾ ರಾವ್ ನೇತೃತ್ವದಲ್ಲಿ ಕಥಕ್ ಮತ್ತು ನೃತ್ಯ ಸಂಯೋಜನೆ ಕಲಿಸುವ ಸಂಸ್ಥೆ ಶುರುವಾಯಿತು, ಮುಂದೆ ಅದು ಬೆಂಗಳೂರಿಗೆ ಬಂದು ನೆಲೆಸಿತು. 1966ರಲ್ಲಿ ಮ್ಯಾಗ್ಸೆಸೆ, 1987ರಲ್ಲಿ ಪದ್ಮವಿಭೂಷಣ. 1988ರ ಅಕ್ಟೋಬರ್ 29ರಂದು ಬೊಂಬಾಯಿಯಲ್ಲಿ ತೀರಿಕೊಂಡಾಗ ಅವರಿಗೆ ಎಂಬತ್ತೈದು.

ಬೆಳಗ್ಗೆ ಬಸ್ಸಿಗೆ ಹೋಗುವ ದ್ರೌಪದಿ

ವಿಧವೆ ಮರುಮದುವೆಯಾದಳು, ನಾಟಕ ಆಡಿದಳು, ಗಂಡಸರ ಎದುರು ವೋಟು ಕೇಳಿದಳು, ಜೈಲಿಗೆ ಹೋದಳು, ಗಣಿಕೆಯ ಕಥೆಯ ಸಿನಿಮಾದಲ್ಲಿ ನಟಿಸಿದಳು, ಗಂಡನನ್ನು ಬಿಟ್ಟಳು. ಕಮಲಾದೇವಿಯ ಬದುಕನ್ನು ಆ ಕಾಲದ ಯಾವುದೇ ಮೂಕಿ ಚಿತ್ರಕ್ಕೆ ಕೊಟ್ಟಿದ್ದರೆ ಅದರ ಕೊನೆಯಲ್ಲಿ ನಾಯಕಿ ಸಾಯಬೇಕಿತ್ತು, ಇಲ್ಲ ಹುಚ್ಚಿಯಾಗಬೇಕಿತ್ತು. ಅದೇನೂ ಆಗಲಿಲ್ಲ. ಹೆಣ್ಣಿನ ಪತನ ಅನ್ನೋದು ಹೆಣ್ಣಿನ ನಡತೆಯಲ್ಲಿಲ್ಲ, ಕಥೆ ಹೇಳುವವರ ಕೈಯಲ್ಲಿದೆ ಅಂತ ಇದಕ್ಕಿಂತ ಚೆನ್ನಾಗಿ ತೋರಿಸಲು ಸಾಧ್ಯವಿಲ್ಲ.

ಆದರೆ ಅವರ ಗೆಲುವು ಎಲ್ಲರ ಗೆಲುವಾಯಿತಾ? ಇವತ್ತು ನಮ್ಮ ಹುಡುಗಿಯರು ಮೊಬೈಲಿನಲ್ಲಿ ಕುಣಿದು ರೀಲ್ಸ್ ಹಾಕ್ತಾರೆ. ಕೆಳಗೆ ಕಮೆಂಟಿನಲ್ಲಿ ಅದೇ ಹಳೆ ತೀರ್ಪು ಕಾಯ್ತಿರುತ್ತೆ. ನೋಡೋಕೆ ಬೇಕು, ನೋಡಿದ ಮೇಲೆ ಬೈಯೋಕೂ ಬೇಕು. 1910ರ ಕೋಪನ್‌ಹೇಗನ್ನಿನ ಪ್ರೇಕ್ಷಕನಿಗೂ ಇವನಿಗೂ ಏನು ವ್ಯತ್ಯಾಸ?

ನಮ್ಮ ಜಾತ್ರೆಗಳಲ್ಲಿ ದ್ರೌಪದಿ ಮಾಡಲು ಬರುವ ಕಲಾವಿದೆಯ ವಿಷಯಕ್ಕೂ ಬನ್ನಿ. ರಾತ್ರಿಯೆಲ್ಲ ಅವರ ಹಾಡಿಗೆ ಒನ್ಸ್ ಮೋರ್ ಕೂಗಿದ ಊರು, ಬೆಳಗ್ಗೆ ಅವರ ಬಗ್ಗೆ ಏನು ಮಾತಾಡುತ್ತೆ? ಅವರಿಗೆ ಸರಿಯಾದ ಸಂಭಾವನೆ, ಬಣ್ಣ ಬದಲಿಸಲು ಮರೆಯಾದ ಒಂದು ಕೋಣೆ, ತಿರುಗಿ ಹೋಗಲು ಸುರಕ್ಷಿತ ವ್ಯವಸ್ಥೆ, ವಯಸ್ಸಾದ ಮೇಲೆ ಕೈಗೆ ಸಿಗುವ ಮಾಸಾಶನ, ಇವೆಲ್ಲ ಊರಿನ ನಾಟಕ ಮಂಡಳಿಯೂ ಸರ್ಕಾರವೂ ಕೊಡಬೇಕಾದದ್ದು. ಕಮಲಾದೇವಿ ಕುಂಬಾರನಿಗೂ ನೇಕಾರನಿಗೂ ಕೇಳಿದ್ದು ಇದನ್ನೇ. ನಾಗರತ್ನಮ್ಮ ತಮ್ಮವರಿಗೆ ಕೇಳಿದ್ದೂ ಇದನ್ನೇ. ಮುಂದಿನ ಜಾತ್ರೆಗೆ ‘ಕುರುಕ್ಷೇತ್ರ’ ನೋಡಲು ಹೋದಾಗ, ದುರ್ಯೋಧನನ ಕೊರಳಿಗೆ ನೋಟಿನ ಹಾರ ಹಾಕುವ ಮೊದಲು, ದ್ರೌಪದಿಗೆ ಎಷ್ಟು ಕೊಟ್ಟಿರಿ ಅಂತ ಒಂದು ಸಲ ಕೇಳಿ ನೋಡಿ.